ಗೋಮಂತಕದ ಕಲಾವಂತೆಯರೂ ಅವರ ಊರ ಹೆಸರುಗಳೂ

ಗೋಮಂತಕದ ಕರಾವಳಿಯ ಚರಿತ್ರೆಯನ್ನು ಬರೆದವರು ಬಹುಮಟ್ಟಿಗೆ ಶಾಸನಗಳನ್ನೂ ಪೋರ್ತುಗೀಜರ ಕಾಗದಪತ್ರಗಳನ್ನೂ ಆಧಾರವಾಗಿಟ್ಟುಕೊಂಡಿರುವರು. ಮೊದಲು ಚಂದ್ರಪುರದಲ್ಲಿಯೂ ಆಮೇಲೆ ಗೋಪಕಪಟ್ಟಣದಲ್ಲಿಯೂ ಆಳಿದ ಕದಂಬರ ಕನ್ನಡ ಶಾಸನಗಳು ಆ ಸೀಮೆಯನ್ನು ಕನ್ನಡನಾಡಿನ ಚರಿತ್ರೆಯೊಡನೆ ಬಿಗಿದಿರುವುದರಿಂದ ಕನ್ನಡ ವಿದ್ವಾಂಸರಿಗೂ ಈ ಸಾಮಗ್ರಿಯು ಅಪರಿಚಿತವಲ್ಲ. ಆದರೆ ಅಲ್ಲಿಯ ದೇವಾಲಯಗಳಲ್ಲಿ ತಲೆಮಾರುಗಳಿಂದ ಹಾಡಿ ಕುಣಿದ ಸ್ತ್ರೀಯರು ಇಂಥ ಬರಹಗಳಲ್ಲಿ ಗುಂಪಾಗಿ ಕಾಣಿಸುವರೇ ಹೊರತು ಒಬ್ಬೊಬ್ಬರಾಗಿ ಕಾಣಿಸುವುದು ವಿರಳ. ಪೋರ್ತುಗೀಜರು ಅವರನ್ನು ನರ್ತಕಿಯರೆಂಬ ಅರ್ಥದಲ್ಲಿ 'ಬೈಲಾದೇಯ್ರ' ಎಂದು ಕರೆದರು, ನಾಡಿನವರು 'ಕಲಾವಂತ'ರೆಂದರು. ಕಲೆಯನ್ನೇ ಕುಲನಾಮವಾಗಿ ಪಡೆದ ಈ ಜನರ ಚರಿತ್ರೆಗೆ ಒಂದು ಆಧಾರವು ಅವರ ಹೆಸರುಗಳಲ್ಲಿಯೇ ಉಳಿದಿದೆ. ಅದಕ್ಕೆ ಸಲ್ಲಬೇಕಾದಷ್ಟು ಗಮನವು ಸಂದಿಲ್ಲ.

ಕಲಾವಂತರ ಮನೆಗಳಲ್ಲಿ ಸಂತತಿಯು ತಾಯಿಯಿಂದ ಎಣಿಸಲ್ಪಡುತ್ತಿದ್ದಿತು. ತಂದೆಯ ಮನೆತನದ ಹೆಸರನ್ನು ಹೇಳಿಕೊಳ್ಳುವ ಅಧಿಕಾರವು ಮಕ್ಕಳಿಗೆ ಸಾಮಾನ್ಯವಾಗಿ ಇರಲಿಲ್ಲ. ಆದುದರಿಂದ ಈ ಗಾಯಿಕೆಯರು ಮುಂಬಯಿಯಂಥ ಪಟ್ಟಣಗಳಿಗೆ ಹೋಗಿ ನೆಲೆಸಿದಾಗ, ನಾಟಕದ ಪ್ರಕಟನೆಗೂ ಧ್ವನಿಮುದ್ರಿಕೆಯ ಚೀಟಿಗೂ ಎರಡನೆಯ ಹೆಸರೊಂದು ಬೇಕಾದಾಗ, ಹುಟ್ಟಿದೂರಿಗೆ 'ಕರ್' ಎಂಬ ಪ್ರತ್ಯಯವನ್ನು ಹಚ್ಚಿಕೊಂಡರು. ಕೊಂಕಣಿ ಮರಾಠಿಗಳಲ್ಲಿ ಈ ಪ್ರತ್ಯಯಕ್ಕೆ ಆ ಊರಿನವನು, ಊರಿನವಳು ಎಂದಿಷ್ಟೇ ಅರ್ಥ. ಇತರ ಜಾತಿಗಳವರಲ್ಲಿಯೂ ಈ ರೂಢಿಯುಂಟು, ನಿಜ. ಆದರೆ ಅವರಿಗೆ ಅದು ಇದ್ದ ವಂಶನಾಮದ ಜತೆಗೊಂದು ಗುರುತು. ಇವರಿಗೆ ಊರೇ ತಂದೆಯ ಸ್ಥಾನದಲ್ಲಿ ನಿಂತಿತು.

ಇದಕ್ಕೆ ಮಂಗೇಶಕರ್ ಎಂಬ ಹೆಸರು ಉತ್ತಮ ನಿದರ್ಶನವಾಗಿದೆ. ನಟ ಗಾಯಕ ದೀನಾನಾಥರ (1900-1942) ತಾಯಿ ಯೇಸುಬಾಯಿ ಮಂಗೇಶಿಯ ದೇವಾಲಯದ ಗಾಯಿಕೆ; ತಂದೆ ಆ ದೇವಾಲಯಕ್ಕೇ ಸೇರಿದ ಅರ್ಚಕರು. ಮಗನು ತಂದೆಯ ಮನೆತನದ ಹೆಸರನ್ನು ಬಿಟ್ಟು ಊರ ಹೆಸರನ್ನು ತಾಳಿದನು. ಆದರೆ ಆ ಊರಿಗೆ ಆ ಹೆಸರು ಬಂದುದಾದರೂ ಹೇಗೆ? ಮಂಗೇಶನ ಮೂಲಸ್ಥಾನವು ಜುವಾರಿ ನದಿಯ ದಕ್ಷಿಣ ದಡದ ಕುಶಸ್ಥಳಿ. 1543ರಲ್ಲಿ ಸಾಷ್ಟಿಯು ಪೋರ್ತುಗೀಜರ ವಶವಾದ ಮೇಲೆ ದೇವಾಲಯಗಳಿಗೆ ಉಳಿಗಾಲವಿಲ್ಲವಾಗಲು, ಭಕ್ತರು 1560ರಲ್ಲಿ ದೇವರನ್ನು ನದಿ ದಾಟಿಸಿ, ಆಗ ವಿಜಾಪುರದ ಆದಿಲಶಾಹಿಗೆ ಒಳಪಟ್ಟಿದ್ದ ಫೋಂಡೆಯ ಸೀಮೆಯ ಪ್ರಿಯೋಳಕ್ಕೆ ತಂದರು. ಕೇಳೋಶಿಯ ಶಾಂತಾದುರ್ಗೆಯೂ ಅದೇ ದಶಕದಲ್ಲಿ ಕವಳೆಗೆ ಬಂದಳು. ಪ್ರಿಯೋಳದ ಆ ಭಾಗವು ದೇವರ ಹೆಸರಿನಿಂದಲೇ ಮಂಗೇಶಿ ಎನಿಸಿಕೊಂಡಿತು. ಹಾಗಾದರೆ, ಈ ಅರ್ಥದಲ್ಲಿ, ಮಂಗೇಶಕರ್ ಎಂಬ ಹೆಸರು 1560ಕ್ಕೆ ಮೊದಲು ಹುಟ್ಟುವಂತಿರಲಿಲ್ಲ. ಒಬ್ಬ ಗಾಯಿಕೆಯ ಮಗನ ಹೆಸರಿನಲ್ಲಿ ಒಂದು ನದಿಯನ್ನು ದಾಟಿದ ದೇವರ ಕಥೆಯು ಅಡಗಿದೆ. ಫೋಂಡೆಯ ತಗ್ಗಾದ ಬೆಟ್ಟಗಳ ನಡುವೆ, ಅಡಿಕೆ ತೆಂಗುಗಳ ಕಣಿವೆಗಳಲ್ಲಿ ದೇವಾಲಯಗಳು ಒತ್ತಾಗಿ ಕೂಡಿದುದೂ, ಆ ಸೀಮೆಯಿಂದಲೇ ಇಷ್ಟೊಂದು ಗಾಯಕ ಗಾಯಿಕೆಯರು ಹೊರಟುದೂ ಕಾಕತಾಳೀಯವೆನ್ನಲಾಗದು.

ಕೇಸರಬಾಯಿ ಕೇರ್ಕರ್ (1892-1977) ಫೋಂಡೆಯ ಕೇರಿಯವರು. ಗೋಮಂತಕದಲ್ಲಿ ಇದೇ ಹೆಸರಿನ ಬೇರೆ ಊರುಗಳೂ ಇರುವುದರಿಂದ ಇದನ್ನು ಹೇಳಬೇಕಾಯಿತು. ಅಲ್ಲಾದಿಯಾ ಖಾನರಲ್ಲಿ ಕಲಿತ ಅವರ ಭೈರವಿಯು 1977ರಲ್ಲಿ ವಾಯೇಜರ್ ನೌಕೆಯ ಧ್ವನಿಮುದ್ರಿಕೆಯಲ್ಲಿ ಸೇರಿತು. ಅವರು ಮಡಿದುದೂ ಅದೇ ವರ್ಷ. ಅಂಜನಿಬಾಯಿ ಮಾಲ್ಪೇಕರ್ (1883-1974) ಅವರ ಮಾಲ್ಪೆಯು ಗೋಮಂತಕದ್ದು, ಉಡುಪಿಯ ಬಳಿಯ ಮಲ್ಪೆಯಲ್ಲ.

ಮೋಗೂಬಾಯಿ ಕುರ್ಡೀಕರ್ (1904-2001) ಅವರ ಊರಿನ ವೃತ್ತಾಂತವು ಬೇರೆಯೇ ಆಗಿದೆ. ಕುರ್ಡಿಯು ಜುವಾರಿಯ ಉಪನದಿಯಾದ ಸಾಳಾವಳಿಯ ಕಣಿವೆಯಲ್ಲಿದ್ದಿತು. ಕರಾವಳಿಯ ಊರುಗಳಿಗೆ ನೀರೊದಗಿಸಲೆಂದು ಆ ನದಿಗೆ ಅಣೆಕಟ್ಟನ್ನು ಕಟ್ಟುವ ನಿರ್ಣಯವಾದಾಗ, ಅದನ್ನು ಕುರ್ಡಿಯ ಜನರಿಗೆ ಬಂದು ತಿಳಿಸಿದವರು ಗೋವೆಯ ಮೊದಲನೆಯ ಮುಖ್ಯಮಂತ್ರಿ ದಯಾನಂದ ಬಾಂದೋಡಕರರು. ಕಲಾವಂತರೇ ಮೊದಲಾದವರು 20ನೆಯ ಶತಮಾನದಲ್ಲಿ ಗೋಮಂತಕ ಮರಾಠಾ ಸಮಾಜವೆಂಬ ಹೊಸ ಹೆಸರನ್ನು ತಳೆದಿದ್ದರು. ಬಾಂದೋಡಕರರು ಆ ಸಮಾಜದವರೇ. 1986ರ ಹೊತ್ತಿಗೆ ಊರು ಬರಿದಾಗಿ ನೀರಿನಡಿಯಾಯಿತು. ಅಲ್ಲಿಯ ಪ್ರಾಚೀನ ಮಹಾದೇವಾಲಯವನ್ನು ಕಲ್ಲುಕಲ್ಲಾಗಿ ಬಿಚ್ಚಿ ಅಣೆಕಟ್ಟಿನ ಬಳಿ ಮರಳಿ ಕಟ್ಟಲಾಯಿತು. ಮನೆಗಳಿಗೆ ಅಂಥ ರಕ್ಷಣೆಯಿರಲಿಲ್ಲ. ಬೇಸಗೆಯಲ್ಲಿ ನೀರಿಳಿದಾಗ ಅವುಗಳ ತಳಪಾಯಗಳು ಕೆಲವು ವಾರ ಕಾಣಿಸಿಕೊಳ್ಳುತ್ತವೆ, ಹಳೆಯ ನಿವಾಸಿಗಳು ಆಗ ಅಲ್ಲಿಗೆ ಹೋಗಿ ಬರುತ್ತಾರೆ. ಊರು ಮುಳುಗಿದ ಮೇಲೆಯೂ ಆ ಹೆಸರು ಸಂಗೀತದ ಸಭೆಗಳಲ್ಲಿ ಬಾಳಿತು. ಶಾಸನವೊಂದು ನೀರುಪಾಲಾದರೆ ಅದರ ಪ್ರತಿಯನ್ನು ಹುಡುಕುವ ವಿದ್ವಾಂಸರು ಇಂಥ ಹೆಸರನ್ನೂ ಪ್ರತಿಯೆಂದೇ ಎಣಿಸಬೇಕಾದುದು ನ್ಯಾಯ.

ಧಾರವಾಡದ ಸೀಮೆಯಲ್ಲಿ ಪ್ರತ್ಯಯವಿಲ್ಲದೆ ಊರ ಹೆಸರನ್ನೇ ಇಟ್ಟುಕೊಳ್ಳುವ ವಾಡಿಕೆಯುಂಟು. ಅಲ್ಲಾದಿಯಾ ಖಾನರ ಮಕ್ಕಳಲ್ಲಿ ಕಲಿತು ಅದೇ ಗಾಯನಪದ್ಧತಿಯನ್ನು ಕನ್ನಡನಾಡಿಗೆ ತಂದ ಮಲ್ಲಿಕಾರ್ಜುನ ಮನಸೂರರು (1910-1992) ಹಾಗೆಯೇ ತಮ್ಮ ಊರಿನಿಂದ ಹೆಸರಾದವರು. ಗಾಯಿಕೆಯಾದ ತಾಯಿ ಅಂಬಾಬಾಯಿಯ ಮಗಳು ಗಂಗೂಬಾಯಿಯವರನ್ನು (1913-2009) ಲೋಕವು ಹಾನಗಲ್ಲಿನ ಹೆಸರಿನಿಂದ ಬಲ್ಲುದು. ತಾಯಿಯ ಕಡೆಯಿಂದ ಬಂದ ಕಲೆಯೂ ಊರಿನಿಂದ ಬಂದ ಹೆಸರೂ ಅಲ್ಲಿಯೂ ಒಟ್ಟಿಗೆ ನಡೆದಿವೆ.

ಈ ಆಧಾರಕ್ಕೆ ಒಂದು ಮಿತಿಯಿದೆ. ಮೋಗೂಬಾಯಿಯವರ ಮಗಳೂ ಶಿಷ್ಯೆಯೂ ಆದ ಕಿಶೋರಿಯವರು (1932-2017) ವಿವಾಹದಿಂದ ಆಮೋಣಕರ್ ಎನಿಸಿಕೊಂಡರು. ಅದೂ ಗೋಮಂತಕದ ಊರೇ, ಮಾಂಡವಿಯ ದಡದ ಆಮೋಣೆ. ಆದರೆ ಗಂಡನ ಕಡೆಯಿಂದ ಬಂದುದು. ತಾಯಿಯಿಂದ ಮಗಳಿಗೆ ಗಾನವು ಸಂದಿತು. ಕುರ್ಡಿಯ ಹೆಸರು ಸಲ್ಲಲಿಲ್ಲ.