ಸೈನಿಕರ ಚಹಾ ಮತ್ತು ಒಂದು ವದಂತಿ

ಎರಡು ಮಹಾಯುದ್ಧಗಳ ಕಾಲದಲ್ಲಿ ಬ್ರಿಟಿಷ್ ಸೈನಿಕರ ನಡುವೆ ಒಂದು ವದಂತಿ ಹಬ್ಬಿತ್ತು: ಕಾಮಾಪೇಕ್ಷೆ ಅಡಗಲೆಂದು ಅವರ ಚಹಾದಲ್ಲಿ ಬ್ರೋಮೈಡ್ ಬೆರೆಸುತ್ತಾರೆ ಎಂದು. ಅಮೆರಿಕದ ಸೈನಿಕರು ಪೆಟ್ಲುಪ್ಪಿನ ಬಗೆಗೆ ಇದೇ ಮಾತನ್ನು ಆಡುತ್ತಿದ್ದರು. ಇದಕ್ಕೆ ಪುರಾವೆ ದೊರೆತಿಲ್ಲ.

ಬ್ರೋಮೈಡ್ ಹತ್ತೊಂಬತ್ತನೆಯ ಶತಮಾನದಿಂದ ಅಪಸ್ಮಾರಕ್ಕೆ ಕೊಡುತ್ತಿದ್ದ ಔಷಧ. ಅದು ಮಂಪರು ತರುತ್ತದೆ, ಬುದ್ಧಿಯ ಚುರುಕನ್ನು ಕುಗ್ಗಿಸುತ್ತದೆ. ಕಾವಲಿನವನು ತೂಕಡಿಸುವುದನ್ನು ಯಾವ ಸೇನಾಧಿಕಾರಿ ಬಯಸಿಯಾನು? ಆದರೆ ಚಹಾದ ರುಚಿ ಕೆಟ್ಟಿದ್ದುದು ನಿಜ. ಮೊದಲ ಮಹಾಯುದ್ಧದಲ್ಲಿ ರಣರಂಗದ ನೀರನ್ನು ಬ್ಲೀಚಿಂಗ್ ಪುಡಿಯಿಂದ ಶುದ್ಧಗೊಳಿಸಿ, ಅನೇಕ ವೇಳೆ ಪೆಟ್ರೋಲಿನ ಡಬ್ಬಿಗಳಲ್ಲಿ ಸಾಗಿಸುತ್ತಿದ್ದರು. ಆ ವಾಸನೆ ಚಹಾಕ್ಕೂ ಇಳಿಯುತ್ತಿತ್ತು.

ನಮ್ಮ ದೇಶವೂ ಇಂಥ ಸಂಶಯವನ್ನು ಕಂಡಿದೆ. ಹಿಟ್ಟಿನಲ್ಲಿ ಎಲುಬಿನ ಪುಡಿ ಬೆರೆಸಿ ಧರ್ಮ ಕೆಡಿಸುತ್ತಿದ್ದಾರೆಂಬ ಸುದ್ದಿ 1857ರಲ್ಲಿ ಉತ್ತರ ಹಿಂದೂಸ್ಥಾನದ ಸಿಪಾಯಿಗಳಲ್ಲಿ ಹರಡಿತ್ತು. ಉಣ್ಣುವವನಿಗೆ ಅಡುಗೆಯ ವಿಚಾರ ತಿಳಿಯದೆ, ಉಣಿಸುವವನ ಮೇಲೆ ನಂಬಿಕೆಯೂ ಇಲ್ಲದಿದ್ದಾಗ ವದಂತಿ ಬೇರೂರುತ್ತದೆ.

ಮರಾಠಾ ಲಘು ಪದಾತಿ ದಳದ ಕೇಂದ್ರ ನೆರೆಯ ಬೆಳಗಾವಿಯಲ್ಲಿದೆ. ಜತ್ತ ಸೀಮೆಯ ಮಕ್ಕಳಿಗೆ ಸೈನ್ಯ ದೂರದ ಮಾತಲ್ಲ. ಸೈನಿಕರ ಕಥೆಗಳನ್ನು ಕೇಳುವಾಗ ‘ಇದಕ್ಕೆ ಆಧಾರವೇನು?’ ಎಂದು ಕೇಳುವುದನ್ನೂ ಅವರು ಕಲಿಯಲಿ. ಶಾಲೆಯ ಮಧ್ಯಾಹ್ನದ ಊಟದ ಅಡುಗೆಮನೆ ಪಾಲಕರಿಗೆ ಸದಾ ತೆರೆದಿರಲಿ.