ನಾತೋ ವಚ್ನಾದ್ಜೆ

ಮೂಕಚಿತ್ರಗಳ ಕಾಲದಲ್ಲಿ ನಟನಟಿಯರಿಗೆ ಮುಖವೇ ಮಾತು. ಧ್ವನಿಯ ನೆರವಿಲ್ಲದೆ, ಕಣ್ಣಿನ ನೋಟದಿಂದಲೂ ಅಂಗಾಭಿನಯದಿಂದಲೂ ಪ್ರೇಕ್ಷಕರ ಮನಸ್ಸನ್ನು ಗೆಲ್ಲಬೇಕಾಗಿದ್ದಿತು. ಹಾಗೆ ಗೆದ್ದವರಲ್ಲಿ ಜಾರ್ಜಿಯಾ ದೇಶದ ನಾತೋ ವಚ್ನಾದ್ಜೆ ಅಗ್ರಗಣ್ಯಳು. ಆದರೆ ಈಕೆಯ ಚರಿತ್ರೆ ಒಬ್ಬ ನಟಿಯ ಯಶಸ್ಸಿನ ಕಥೆ ಮಾತ್ರವಲ್ಲ. ಒಂದು ರಾಜ್ಯವ್ಯವಸ್ಥೆ ಅಳಿದು ಮತ್ತೊಂದು ತಲೆಯೆತ್ತಿದಾಗ ಒಂದು ಮನೆತನವು ಪಡೆದುದೇನು, ತೆತ್ತುದೇನು ಎಂಬುದೂ ಅದರಲ್ಲಿ ಅಡಕವಾಗಿದೆ.

ನಾತೋ ಜನಿಸಿದುದು ೧೯೦೪ನೆಯ ಇಸವಿ ಜೂನ್ ೧೪ರಂದು, ಆಗ ರಷ್ಯಾ ಚಕ್ರಾಧಿಪತ್ಯಕ್ಕೆ ಸೇರಿದ್ದ ವಾರ್ಸಾ ನಗರದಲ್ಲಿ. ತಂದೆಯು ಆಂಡ್ರೋನಿಕಾಶ್ವಿಲಿ ಎಂಬ ಪ್ರಾಚೀನ ಜಾರ್ಜಿಯನ್ ಸಾಮಂತ ವಂಶದವನು. ಆಕೆ ಬೆಳೆದುದು ಜಾರ್ಜಿಯಾದ ಪೂರ್ವಕ್ಕಿರುವ ಕಾಖೇತಿ ಪ್ರಾಂತದ ಗುರ್ಜಾನಿಯಲ್ಲಿ, ದ್ರಾಕ್ಷಿಯ ತೋಟಗಳ ನಡುವೆ. ವಚ್ನಾದ್ಜೆ ಎಂಬುದು ಮೊದಲನೆಯ ವಿವಾಹದಿಂದ ಬಂದ ಹೆಸರು. ೧೯೧೮ರಲ್ಲಿ ಸ್ವತಂತ್ರವಾಗಿದ್ದ ಜಾರ್ಜಿಯಾ ೧೯೨೧ರಲ್ಲಿ ಕೆಂಪು ಸೇನೆಯ ವಶವಾಯಿತು. ಸಾಮಂತ ಮನೆತನಗಳು ಭೂಮಿಯನ್ನೂ ಕಳೆದುಕೊಂಡವು, ಪದವಿಯನ್ನೂ ಕಳೆದುಕೊಂಡವು.

ಹೊಸ ಸರ್ಕಾರವು ಚಲಚ್ಚಿತ್ರವನ್ನು ಪ್ರಚಾರದ ಮುಖ್ಯ ಸಾಧನವೆಂದು ಭಾವಿಸಿದ್ದಿತು. ಛಾಯಾಚಿತ್ರಗಾರನೊಬ್ಬನ ಅಂಗಡಿಯ ಗಾಜಿನ ಹಿಂದೆ ನಾತೋಳ ಭಾವಚಿತ್ರವನ್ನು ಕಂಡು ಚಿತ್ರಶಾಲೆಯವರು ಆಕೆಯನ್ನು ಅರಸಿಕೊಂಡು ಹೋದರೆಂದು ಹೇಳುವರು. ೧೯೨೩ರಲ್ಲಿ ಆಕೆ ತೆರೆಯ ಮೇಲೆ ಬಂದಳು. ಬೇಕ್-ನಜಾರೋವ್ ಎಂಬ ನಿರ್ದೇಶಕನು ಕಜ್ಬೇಗಿಯ "ಪಿತೃಹಂತಕ" ಎಂಬ ಕಾದಂಬರಿಯನ್ನು ಚಿತ್ರವಾಗಿ ತೆಗೆದಾಗ ಅದರಲ್ಲಿ ನೂನು ಎಂಬ ದುಃಖಿನಿಯ ಪಾತ್ರವನ್ನು ವಹಿಸಿದಳು. ಅದೇ ಕಾದಂಬರಿಯ ವೀರನಾದ ಕೋಬಾನ ಹೆಸರನ್ನು ಹಿಂದೆ ಯುವಕ ಸ್ಟಾಲಿನ್ ತನಗೆ ಗುಪ್ತನಾಮವಾಗಿ ಇಟ್ಟುಕೊಂಡಿದ್ದನು. ೧೯೨೫ರ "ತಾರಿಯೇಲ್ ಮ್ಕ್ಲವಾದ್ಜೆಯ ಮೊಕದ್ದಮೆ" ಎಂಬ ಚಿತ್ರದಲ್ಲಿ ದುರುಳ ಶ್ರೀಮಂತನ ಕೈಗೆ ಸಿಲುಕಿದ ಬಡ ಉಪಾಧ್ಯಾಯನ ಪತ್ನಿಯಾದಳು. ಸಾಮಂತನ ಮಗಳೇ ಸಾಮಂತರಿಂದ ನೊಂದವಳ ಕಣ್ಣೀರನ್ನು ಪ್ರಜೆಗಳ ಮುಂದಿಟ್ಟಳು. ಪ್ರಜೆಗಳು ಆಕೆಯನ್ನು ತಮ್ಮವಳೆಂದೇ ಒಪ್ಪಿಕೊಂಡರು.

೧೯೨೭ರ "ಗ್ಯುಲಿ" ಚಿತ್ರವನ್ನು ನಿರ್ದೇಶಿಸಿದ ಇಬ್ಬರಲ್ಲಿ ನಿಕೊಲೋಜ್ ಶೆಂಗೆಲಾಯಾ ಒಬ್ಬನು. ಮುಂದೆ ಆತನೇ ಆಕೆಯ ಪತಿಯಾದನು. ೧೯೨೯ರಲ್ಲಿ ಟಾಲ್‌ಸ್ಟಾಯ್‌ಯವರ ನಾಟಕವನ್ನು ಆಧರಿಸಿದ "ಜೀವಂತ ಶವ" ಎಂಬ ಚಿತ್ರದಲ್ಲಿ ಪ್ರಸಿದ್ಧ ನಿರ್ದೇಶಕ ಪುದೋವ್ಕಿನ್ ನಾಯಕನಾಗಿ ಅಭಿನಯಿಸಿದನು. ಜಿಪ್ಸಿ ಹುಡುಗಿಯ ಪಾತ್ರ ನಾತೋಳದು. ವಾಕ್ಚಿತ್ರ ಬಂದಾಗ ಅನೇಕ ಮೂಕಚಿತ್ರನಟಿಯರು ಮರೆಯಾದರು. ನಾತೋ ಮರೆಯಾಗಲಿಲ್ಲ. ಜಾರ್ಜಿಯಾದ ಮೊದಲನೆಯ ವಾಕ್ಚಿತ್ರವಾದ "ಕೊನೆಯ ಛದ್ಮವೇಷ"ದಲ್ಲಿ (೧೯೩೪) ಆಕೆಯೂ ಇದ್ದಳು.

ಇನ್ನು ದಾರುಣವಾದ ಭಾಗ. ನಾತೋಳ ತಂಗಿ ಕಿರಾ ಕೂಡ ನಟಿ. ರಷ್ಯದ ಹೆಸರಾಂತ ಕಾದಂಬರಿಕಾರ ಬೋರಿಸ್ ಪಿಲ್ನ್ಯಾಕ್‌ನ ಪತ್ನಿ. ೧೯೩೭ರ ಅಕ್ಟೋಬರಿನಲ್ಲಿ ಪಿಲ್ನ್ಯಾಕ್ ಬಂಧಿತನಾದನು. ೧೯೩೮ರ ಏಪ್ರಿಲಿನಲ್ಲಿ ಅವನನ್ನು ಗುಂಡಿಟ್ಟು ಕೊಂದರು. ಕಿರಾಳನ್ನೂ ಸೆರೆಹಿಡಿದು ದೂರದ ಶಿಬಿರಕ್ಕೆ ಅಟ್ಟಿದರು. ಅವರ ಎಳೆಯ ಮಗನು ಜಾರ್ಜಿಯಾದಲ್ಲಿ ಅಜ್ಜಿಯ ಆಶ್ರಯದಲ್ಲಿ ಬೆಳೆದನು. ಅದೇ ೧೯೩೮ರಲ್ಲಿ "ಮಹೋದಯ" ಎಂಬ ಚಿತ್ರ ಹೊರಬಂದಿತು. ಅದರಲ್ಲಿ ಗೆಲೊವಾನಿ ಎಂಬ ನಟನು ಸ್ಟಾಲಿನ್ನನ ವೇಷ ಧರಿಸಿದ್ದನು. ೧೯೪೧ರಲ್ಲಿ ಆಕೆಗೆ ಸ್ಟಾಲಿನ್ ಬಹುಮಾನವೂ ದೊರೆಯಿತು. ತಂಗಿಯನ್ನು ಸೆರೆಗೆ ನೂಕಿದ ಕೈಯೇ ಅಕ್ಕನಿಗೆ ಪದಕವನ್ನು ತೊಡಿಸಿತು. ಬೇಡವೆನ್ನುವುದು ಪ್ರಾಣಕ್ಕೇ ಮುಳುವಾಗಬಹುದಾಗಿದ್ದ ಕಾಲವದು. ಹೀಗಿರಲು ನೆಮ್ಮದಿಯಾಗಿ ಕುಳಿತಿರುವ ನಾವು ಆಕೆಯ ಮೌನವನ್ನು ದೂಷಿಸುವುದು ಸುಲಭ, ಆದರೆ ನ್ಯಾಯವಲ್ಲ.

೧೯೪೩ರಲ್ಲಿ ಪತಿಯು ತೀರಿಕೊಂಡನು. ೧೯೫೩ರ ಜೂನ್ ೧೪ರಂದು, ತನ್ನ ನಲವತ್ತೊಂಬತ್ತನೆಯ ಹುಟ್ಟುಹಬ್ಬದ ದಿನವೇ, ನಾತೋ ವಿಮಾನಾಪಘಾತದಲ್ಲಿ ಮೃತಳಾದಳು. ಸ್ಟಾಲಿನ್ ಸತ್ತು ಆಗ ಮೂರು ತಿಂಗಳು ಕಳೆದಿದ್ದುವಷ್ಟೆ.

ಆಕೆಯ ಇಬ್ಬರು ಮಕ್ಕಳೂ ನಿರ್ದೇಶಕರಾದರು. ಗಿಯೋರ್ಗಿಯು ಬಡ ಚಿತ್ರಕಾರ ಪಿರೊಸ್ಮಾನಿಯ ಬಾಳನ್ನು ೧೯೬೯ರಲ್ಲಿ ಚಿತ್ರವಾಗಿಸಿದನು. ಎಲ್ದಾರ್ ೧೯೮೩ರಲ್ಲಿ "ನೀಲ ಪರ್ವತಗಳು" ಎಂಬ ಚಿತ್ರದಲ್ಲಿ ಸೋವಿಯತ್ ಕಚೇರಿಗಳ ಜಡತೆಯನ್ನು ನಗೆಗೀಡು ಮಾಡಿದನು. ತಾಯಿಯ ಕಾಲದಲ್ಲಿ ಆಡಲಾಗದಿದ್ದ ಮಾತನ್ನು ಮಗನು ನಗುತ್ತಲೇ ಆಡಿ ತೋರಿಸಿದನು. ಗುರ್ಜಾನಿಯಲ್ಲಿ ಆಕೆಯ ಮನೆ ಇಂದು ವಸ್ತುಸಂಗ್ರಹಾಲಯವಾಗಿದೆ.