ಕಾಫಿಗೆ ಏಲಕ್ಕಿ ಹಾಕಿದರೆ ಕೆಡುತ್ತಾ?

ನಮ್ಮ ಮನೆಯಲ್ಲಿ ಕಾಫಿಗೆ ಏಲಕ್ಕಿ ಬೀಳುತ್ತೆ. ಮಳೆಗಾಲ ಬಂತೆಂದರೆ ಒಣಶುಂಠಿ, ನಾಲ್ಕು ಕಾಳುಮೆಣಸೂ ಬೀಳುತ್ತೆ. ಈ ಮಾತು ಹೇಳಿದ ಕೂಡಲೇ ಎದುರಿಗಿದ್ದವರ ಮುಖ ಒಂಥರಾ ಆಗುತ್ತೆ. "ಅದು ಕಾಫಿನಾ, ಪಾಯಸಾನಾ?" ಅಂತ ಒಬ್ಬರು. "ಕಷಾಯ ಅನ್ನಿ ಸ್ವಾಮಿ, ಕಾಫಿ ಹೆಸರು ಯಾಕೆ ಕೆಡಿಸ್ತೀರಿ" ಅಂತ ಇನ್ನೊಬ್ಬರು. ಅಪ್ಪಟ ಕಾಫಿ ಅಂದರೆ ಡಿಕಾಕ್ಷನ್, ಹಾಲು, ಸಕ್ಕರೆ, ಮೂರೇ ಅನ್ನೋದು ಇವರ ವಾದ. ನಿಮ್ಮ ಪುಡಿಯಲ್ಲಿ ಚಿಕೋರಿ ಎಷ್ಟು ಪರ್ಸೆಂಟ್ ಅಂತ ಕೇಳಿದರೆ ಮಾತ್ರ ವಾದ ಸ್ವಲ್ಪ ತಣ್ಣಗಾಗುತ್ತೆ :-)

ತಮಾಷೆ ಇರಲಿ. ಈ "ಅಪ್ಪಟ" ಅನ್ನೋ ಮಾತಿನ ಬೆನ್ನು ಹತ್ತಿ ಒಂದಷ್ಟು ಓದಿದೆ. ಓದುತ್ತಾ ಹೋದಂತೆ ಕಥೆ ನಮ್ಮ ಮಂಗಳೂರು, ಚಿಕ್ಕಮಗಳೂರು, ಹಾವೇರಿಗಳನ್ನೇ ಸುತ್ತಿ ಬಂತು. ಅದನ್ನು ನಿಮ್ಮ ಜೊತೆ ಹಂಚಿಕೊಳ್ಳೋಣ ಅಂತ ಈ ಬರಹ.

ಮೊದಲು ಕಾಫಿ ಹುಟ್ಟಿದ ಕಡೆಗೇ ಹೋಗೋಣ. ಗಿಡದ ತವರು ಇಥಿಯೋಪಿಯಾ. ಆದರೆ ಕುಡಿಯುವ ಪಾನೀಯವಾಗಿ ಅದರ ಚರಿತ್ರೆ ಸ್ಪಷ್ಟವಾಗಿ ಕಾಣಿಸಿಕೊಳ್ಳುವುದು ಯೆಮನ್ನಿನಲ್ಲಿ. 15ನೇ ಶತಮಾನದಲ್ಲಿ ಅಲ್ಲಿನ ಸೂಫಿಗಳು ರಾತ್ರಿಯ ಜಪಕ್ಕೆ ಕೂತಾಗ ನಿದ್ದೆ ಬಾರದಿರಲಿ ಅಂತ ಇದನ್ನು ಕುಡಿಯುತ್ತಿದ್ದರು. 'ಕಹ್ವಾ' ಅನ್ನೋದು ಅರಬ್ಬಿಯಲ್ಲಿ ಅದಕ್ಕೂ ಮೊದಲು ದ್ರಾಕ್ಷಾರಸದ ಮದ್ಯಕ್ಕಿದ್ದ ಒಂದು ಹೆಸರು! ಗಲಾಟೆ ಆಗದೇ ಇರುತ್ತದೆಯೇ? 1511ರಲ್ಲಿ ಮೆಕ್ಕಾದ ಅಧಿಕಾರಿ ಖೈರ್ ಬೇಗ್ ಪಂಡಿತರನ್ನೂ ವೈದ್ಯರನ್ನೂ ಸೇರಿಸಿ ಕಾಫಿಯನ್ನು ನಿಷೇಧಿಸಿದ. ಕೈರೋದ ಸುಲ್ತಾನನ ಕಡೆಯಿಂದ ಬಂದ ಆಜ್ಞೆ ಆ ನಿಷೇಧವನ್ನು ಸಡಿಲಿಸಿತು. ಈ ಜಗಳದ ಕಥೆಯೆಲ್ಲ ನಮಗೆ ತಿಳಿದಿರುವುದು ಅಲ್-ಜಝೀರಿ ಎಂಬಾತ 1558ರ ಸುಮಾರಿಗೆ ಬರೆದ ಪುಸ್ತಕದಿಂದ.

ಆ ಕಾಲದ ಕಹ್ವಾ ಒಂದೇ ಬಗೆಯದಲ್ಲ, ಎರಡು ಬಗೆ. ಒಂದು ಬೀಜದಿಂದ ಮಾಡಿದ್ದು, ಇನ್ನೊಂದು ಹಣ್ಣಿನ ಒಣಗಿದ ಸಿಪ್ಪೆಯಿಂದ ಮಾಡಿದ್ದು. ಈ ಸಿಪ್ಪೆಯ ಕಾಫಿಗೆ 'ಕಿಶ್ರ್' ಅಂತ ಹೆಸರು. 1763ರಲ್ಲಿ ಡೆನ್ಮಾರ್ಕಿನ ತಂಡದೊಂದಿಗೆ ಯೆಮನ್ನಿಗೆ ಹೋಗಿದ್ದ ಕಾರ್ಸ್ಟನ್ ನೀಬೂರ್ ಅಲ್ಲಿಯ ಜನ ಸಿಪ್ಪೆಯ ಕಾಫಿ ಕುಡಿಯುವುದನ್ನು ಕಂಡು ಬರೆದಿದ್ದಾನೆ. ಇವತ್ತಿಗೂ ಯೆಮನ್ನಿನ ಮನೆಗಳಲ್ಲಿ ಕಿಶ್ರ್ ಕುದಿಯುತ್ತದೆ, ಅದರೊಳಗೆ ಶುಂಠಿ ಬೀಳುತ್ತದೆ, ಕೆಲವು ಕಡೆ ಚಕ್ಕೆ, ಏಲಕ್ಕಿಯೂ ಬೀಳುತ್ತದೆ. ಈಜಿಪ್ಟಿನ ಬಗ್ಗೆ 1836ರಲ್ಲಿ ಪುಸ್ತಕ ಪ್ರಕಟಿಸಿದ ಎಡ್ವರ್ಡ್ ಲೇನ್, ಕೈರೋದ ಕೆಲವರು ಕಾಫಿಗೆ ಏಲಕ್ಕಿ ಹಾಕುತ್ತಾರೆ ಅಂತಲೂ, ಸಕ್ಕರೆ ಹಾಕುವುದು ಅಪರೂಪ ಅಂತಲೂ ದಾಖಲಿಸಿದ್ದಾನೆ. ಅಂದರೆ ಹಳತನವೇ ಅಪ್ಪಟತನದ ಅಳತೆ ಅನ್ನುವುದಾದರೆ, ಹೊರಗಿನವರು ನಮ್ಮ ಹಾಲು ಸಕ್ಕರೆಗಳೇ ಹೊರತು ಏಲಕ್ಕಿಯಲ್ಲ.

ಇನ್ನು ಆ ಏಲಕ್ಕಿ, ಶುಂಠಿ ಅರಬ್ಬರಿಗೆ ಎಲ್ಲಿಂದ ಹೋಯಿತು? ನಮ್ಮ ಕರಾವಳಿಯಿಂದಲೂ ಹೋಯಿತು.

ಕಾಫಿ ಅನ್ನುವ ಪಾನೀಯದ ಸುದ್ದಿಯೇ ಇರದಿದ್ದ 12ನೇ ಶತಮಾನದಲ್ಲಿ ಅಬ್ರಹಾಂ ಬೆನ್ ಯಿಜು ಎಂಬ ಯಹೂದಿ ವ್ಯಾಪಾರಿ ಮಂಗಳೂರಿನಲ್ಲಿ ಬಂದು ನೆಲೆಸಿದ್ದ. 1132ರಿಂದ 1149ರವರೆಗೆ ಸುಮಾರು 17 ವರ್ಷ ಈ ಕಡೆಯೇ ಇದ್ದ. ಕಂಚಿನ ಪಾತ್ರೆ ಮಾಡಿಸುವ ಕಾರ್ಖಾನೆ ಇಟ್ಟಿದ್ದ. ಏಡನ್ನಿನಲ್ಲಿದ್ದ ಅವನ ಪಾಲುದಾರರು ಬರೆದ ಕಾಗದಗಳು ಕೈರೋದ ಹಳೆಯ ಯಹೂದಿ ಮಂದಿರವೊಂದರ ಕಾಗದದ ರಾಶಿಯಲ್ಲಿ ಉಳಿದುಕೊಂಡು ಬಂದಿವೆ. ಅವುಗಳಲ್ಲಿ ಮಾತೆಲ್ಲ ಮೆಣಸು, ಏಲಕ್ಕಿ, ಶುಂಠಿ, ಅಡಿಕೆ, ಕಬ್ಬಿಣದ್ದು. ಇವನ ಪರವಾಗಿ ಸರಕಿನ ಜೊತೆ ಏಡನ್ನಿಗೆ ಹೋಗಿ ಬರುತ್ತಿದ್ದ ಆಳು ಒಬ್ಬನಿದ್ದ, ಅವನ ಹೆಸರು ಬೊಮ್ಮ ಅಂತ ಓದಿದ್ದಾರೆ. ಅಮಿತಾವ್ ಘೋಷ್ 1992ರಲ್ಲಿ ಬರೆದ 'ಇನ್ ಆ್ಯನ್ ಆಂಟೀಕ್ ಲ್ಯಾಂಡ್' ಈ ಬೊಮ್ಮನನ್ನು ಹುಡುಕಿಕೊಂಡು ಹೋದ ಕಥೆಯೇ. ಓದದೇ ಇದ್ದವರು ದಯವಿಟ್ಟು ಓದಿ.

ಯೋಚನೆ ಮಾಡಿ. ಕಾಫಿ ಕುದಿಯುವುದಕ್ಕೆ ಮುನ್ನೂರು ವರ್ಷ ಮೊದಲೇ ನಮ್ಮ ಘಟ್ಟದ ಮಸಾಲೆ ಯೆಮನ್ನಿನ ಬಂದರಿಗೆ ಮುಟ್ಟುತ್ತಿತ್ತು. ಕಾಫಿ ಅಲ್ಲಿ ಕುದಿಯತೊಡಗಿದಾಗ ಒಂದು ಚಿಟಿಕೆ ಹಾಕಲು ಮಸಾಲೆ ಪಕ್ಕದ ಅಂಗಡಿಯಲ್ಲೇ ಇತ್ತು.

ಆಮೇಲೆ ಉಲ್ಟಾ ಪ್ರಯಾಣ. 1670ರ ಸುಮಾರಿಗೆ ಬಾಬಾ ಬುಡನ್ ಮೋಖಾದಿಂದ ಏಳು ಬೀಜ ತಂದು ಚಂದ್ರದ್ರೋಣ ಪರ್ವತದಲ್ಲಿ ನೆಟ್ಟರು ಅನ್ನುವ ಪ್ರತೀತಿ ನಮಗೆಲ್ಲ ಗೊತ್ತು. ಕುಡಿಯುವ ಕಾಫಿಯಂತೂ ಅದಕ್ಕೂ ಮೊದಲೇ ಹಿಂದೂಸ್ತಾನಕ್ಕೆ ಬಂದಿತ್ತು. ಜಹಾಂಗೀರನ ಆಸ್ಥಾನಕ್ಕೆ ಬಂದಿದ್ದ ಥಾಮಸ್ ರೋ ಜೊತೆಗಿದ್ದ ಪಾದ್ರಿ ಎಡ್ವರ್ಡ್ ಟೆರಿ, ಇಲ್ಲಿ ಮದ್ಯ ಮುಟ್ಟದ ಧರ್ಮನಿಷ್ಠರು ಕರಿ ಬೀಜವನ್ನು ನೀರಿನಲ್ಲಿ ಕುದಿಸಿ ಕುಡಿಯುತ್ತಾರೆ ಅಂತ ಬರೆದಿದ್ದಾನೆ. ಆದರೆ ಗಿಡ ಬೇರು ಬಿಟ್ಟದ್ದು ನಮ್ಮ ಗಿರಿಯಲ್ಲಿ. ಎಂಥಾ ಜಾಗ ನೋಡಿ! ಏಲಕ್ಕಿಯ ಹಡ್ಲು ಅಲ್ಲೇ, ಮೆಣಸಿನ ಬಳ್ಳಿ ಅಲ್ಲೇ. ಇವತ್ತು ಚಿಕ್ಕಮಗಳೂರಿನದೋ ಸಕಲೇಶಪುರದ್ದೋ ತೋಟಕ್ಕೆ ಹೋದರೆ ಸಿಲ್ವರ್ ಓಕ್ ಮರಕ್ಕೆ ಮೆಣಸಿನ ಬಳ್ಳಿ ಹಬ್ಬಿರುತ್ತದೆ, ಬುಡದಲ್ಲಿ ಕಾಫಿ ಗಿಡ ನಿಂತಿರುತ್ತದೆ. ತೋಟದಲ್ಲಿ ಒಂದೇ ನೆರಳಿನಲ್ಲಿ ಬೆಳೆದವರು ಲೋಟದಲ್ಲಿ ಯಾಕೆ ದೂರ ದೂರ?

ಇದಕ್ಕೆ ನನ್ನದೊಂದು ಲೆಕ್ಕ ಇದೆ. ಒಪ್ಪಬಹುದು, ಬಿಡಬಹುದು.

ನಮ್ಮಲ್ಲಿ ಕಾಫಿ ಬೆಳೆಯುವುದಕ್ಕೂ ಮನೆಮನೆಯಲ್ಲಿ ಕುಡಿಯುವುದಕ್ಕೂ ನಡುವೆ ದೊಡ್ಡ ಅಂತರವಿತ್ತು. 19ನೇ ಶತಮಾನದ ತೋಟಗಳ ಕಾಫಿ ಹಡಗು ಹತ್ತಿ ಹೋಗುವ ಸರಕು. 1930ರ ದಶಕದಲ್ಲಿ ಬೆಲೆ ಕುಸಿಯಿತು, ಹಿಂದೆಯೇ ಯುದ್ಧ ಬಂದು ಯುರೋಪಿನ ಮಾರುಕಟ್ಟೆ ಮುಚ್ಚಿತು. 1935ರ ಕಾಫಿ ಸೆಸ್ ಸಮಿತಿ, ನಂತರದ ಇಂಡಿಯಾ ಕಾಫಿ ಹೌಸ್, ಕಾಫಿ ಬೋರ್ಡ್ ಇವೆಲ್ಲ ದೇಶದೊಳಗೇ ಕುಡಿಯುವವರನ್ನು ಹುಡುಕಲು ಹೊರಟವು. ಹೋಟೆಲು ಮತ್ತು ಪೇಟೆಯ ಮನೆಗಳ ಮೂಲಕ ಹಬ್ಬಿದ ಈ ಹೊಸ ಕಾಫಿ ನಾಗರಿಕತೆಯ ಗುರುತಾಯಿತು.

ಆದರೆ ಅದು ಬಂದು ಕೂತ ಜಾಗ ಖಾಲಿ ಇರಲಿಲ್ಲ. ಅಲ್ಲಿ ಕಷಾಯ ಇತ್ತು. ಕೊತ್ತಂಬರಿ, ಜೀರಿಗೆ, ಮೆಣಸು, ಒಣಶುಂಠಿ ಹುರಿದು ಪುಡಿ ಮಾಡಿ, ಬೆಲ್ಲ ಹಾಕಿ ಕುದಿಸಿದ ಕಷಾಯ. ಮಲೆನಾಡು ಕರಾವಳಿಗಳಲ್ಲಿ ಇವತ್ತಿಗೂ ನೆಂಟರನ್ನು "ಕಾಫಿನಾ, ಕಷಾಯನಾ?" ಅಂತ ಕೇಳುವುದಿದೆ. ಆ ಪ್ರಶ್ನೆಯಲ್ಲೇ ಉತ್ತರ ಇದೆ ಅನ್ನಿಸುತ್ತೆ ನನಗೆ. ಮಸಾಲೆ ಕಷಾಯದ ಪಾಲಾಯಿತು, ಕಾಫಿ ಬೇರೆ ಪಂಕ್ತಿಯಲ್ಲಿ ಕೂತಿತು. ಮಸಾಲೆ ಅಂದರೆ ಔಷಧ, ಹಳ್ಳಿ, ಹಳೇ ಕಾಲ. ಬರೀ ಕಾಫಿ ಅಂದರೆ ಪೇಟೆ, ಹೊಸ ಕಾಲ.

ಇನ್ನೊಂದು ವಿಷಯ ಉಷ್ಣ ಶೀತದ್ದು. 1511ರ ಮೆಕ್ಕಾದ ವೈದ್ಯರು ಕಾಫಿಯ ಗುಣ ಶೀತ ಮತ್ತು ಒಣ ಅಂದಿದ್ದರು. ನಮ್ಮ ಅಜ್ಜಿಯರದ್ದು ಇದಕ್ಕೆ ತದ್ವಿರುದ್ಧ ತೀರ್ಪು: ಕಾಫಿ ಉಷ್ಣ, ಪಿತ್ತ. ಉಷ್ಣದ ಮೇಲೆ ಉಷ್ಣದ ಮಸಾಲೆ ಹಾಕುತ್ತಾರೆಯೇ? ಹಾಗಾಗಿ ನೆಗಡಿ ಬಂದಾಗ, ಜಡಿಮಳೆ ಹಿಡಿದಾಗ ಮಾತ್ರ ಶುಂಠಿ ಕಾಫಿಗೆ ಅಪ್ಪಣೆ. ಕೇರಳ, ತಮಿಳುನಾಡಿನ 'ಚುಕ್ಕು ಕಾಪಿ'ಯದ್ದೂ ಇದೇ ಮನೆತನ. ಚುಕ್ಕು ಅಂದರೆ ಒಣಶುಂಠಿ.

ಈ ಕಥೆಯಲ್ಲಿ ನನ್ನನ್ನು ಹೆಚ್ಚು ಕಾಡಿದ್ದು ಏಲಕ್ಕಿಯ ಪಾಡು. ಸೌದಿ ಮತ್ತು ಕೊಲ್ಲಿ ದೇಶಗಳಲ್ಲಿ 'ಗಹ್ವಾ'ಗೆ ಏಲಕ್ಕಿ ಚಿಟಿಕೆ ಲೆಕ್ಕದಲ್ಲಲ್ಲ, ಕೈತುಂಬ ಬೀಳುತ್ತದೆ. ನಸು ಹುರಿದ ಬೀಜದ ಹಳದಿ ಬಣ್ಣದ ಕಾಫಿ, ಪುಟ್ಟ ಬಟ್ಟಲು, ಸಾಕು ಅನ್ನಲು ಬಟ್ಟಲನ್ನು ಸ್ವಲ್ಪ ಅಲ್ಲಾಡಿಸಬೇಕು. ದುಬೈ, ಮಸ್ಕತ್ತುಗಳಲ್ಲಿರುವ ನಮ್ಮ ಕರಾವಳಿಯವರಿಗೆ ಇದು ಚೆನ್ನಾಗಿ ಗೊತ್ತು. 2015ರಲ್ಲಿ ಯುನೆಸ್ಕೋ ಈ ಅರಬ್ಬಿ ಕಾಫಿಯ ಆತಿಥ್ಯವನ್ನು ಪರಂಪರೆಯ ಪಟ್ಟಿಗೆ ಸೇರಿಸಿತು. ಶತಮಾನಗಳ ಕಾಲ ಈ ಬಟ್ಟಲಿಗೆ ಏಲಕ್ಕಿ ನಮ್ಮ ಘಟ್ಟದ್ದು. ಆದರೆ 1914ರಲ್ಲಿ ಓಸ್ಕರ್ ಮಾಯುಸ್ ಕ್ಲೋಫರ್ ಎಂಬ ಜರ್ಮನ್ ತೋಟಗಾರ ಮಧ್ಯ ಅಮೆರಿಕಾದ ಗ್ವಾಟೆಮಾಲಕ್ಕೆ ಏಲಕ್ಕಿ ಒಯ್ದು ನೆಟ್ಟ. 1980ರ ದಶಕದ ಹೊತ್ತಿಗೆ ಗ್ವಾಟೆಮಾಲ ಭಾರತವನ್ನು ಹಿಂದೆ ಹಾಕಿ ಅರಬ್ಬರ ಮಾರುಕಟ್ಟೆ ಹಿಡಿಯಿತು. ಅಲ್ಲಿಯ ಜನ ತಾವು ಏಲಕ್ಕಿ ಬಳಸುವುದು ತೀರಾ ಕಡಿಮೆ, ಬೆಳೆಯುವುದು ಮಾರಲಿಕ್ಕೆ ಮಾತ್ರ.

ಇತ್ತ ನಮ್ಮ ತೋಟಗಳಿಗೆ ಬೆಲೆಯ ಹೊಡೆತದ ಜೊತೆ ರೋಗದ ಹೊಡೆತ. ಏಲಕ್ಕಿಯ ಎಲೆಯಲ್ಲಿ ತಿಳಿ ಹಸಿರು ಗೆರೆ ಮೂಡಿಸಿ ಗಿಡವನ್ನು ಸೊರಗಿಸುವ ವೈರಸ್ ರೋಗಕ್ಕೆ ಪ್ರಪಂಚದ ವಿಜ್ಞಾನಿಗಳೆಲ್ಲ ಬಳಸುವ ಹೆಸರು 'ಕಟ್ಟೆ'. ಹೌದು, ನಮ್ಮ ಕಟ್ಟೆ ರೋಗವೇ! ರೋಗದ ಹೆಸರಿನಲ್ಲಾದರೂ ಕನ್ನಡ ಜಗತ್ತಿಗೆ ಹೋಯಿತು ಅಂತ ಸಮಾಧಾನ ಪಡಬೇಕೋ ಏನೋ. ಏಲಕ್ಕಿ ಕಂಪಿನ ಹಾವೇರಿಯಲ್ಲಿ ಏಲಕ್ಕಿ ಹಾರ ಕಟ್ಟುವವರ ಕೈಚಳಕ ಉಳಿದಿದೆ. ಸನ್ಮಾನ ಮುಗಿದ ಮೇಲೆ ಹಾರ ಗೋಡೆಗೆ ಹೋಗುತ್ತದೆ, ಲೋಟಕ್ಕೆ ಬರುವುದಿಲ್ಲ.

ಅಂದ ಹಾಗೆ, ಮಸಾಲೆ ಕಾಫಿಯ ಕುಟುಂಬ ದೊಡ್ಡದು. ಮೆಕ್ಸಿಕೋದಲ್ಲಿ ಮಣ್ಣಿನ ಮಡಕೆಯಲ್ಲಿ ಚಕ್ಕೆ, ಬೆಲ್ಲ ಹಾಕಿ ಕುದಿಸುತ್ತಾರೆ. ಸೆನೆಗಲ್‌ನಲ್ಲಿ 'ಕಫೆ ತೂಬಾ' ಅಂತ ಇದೆ. ಅದಕ್ಕೆ ಅಲ್ಲಿನ 'ಜಾರ್' ಎಂಬ ಮೆಣಸಿನಂಥ ಕಾಯಿಯನ್ನು ಹುರಿದು ಬೆರೆಸುತ್ತಾರೆ. ಅದನ್ನು ಶುರು ಮಾಡಿದವರು ತೂಬಾದ ಸೂಫಿ ಗುರು ಅಮದು ಬಂಬಾ (1853–1927) ಅನ್ನುವುದು ಅಲ್ಲಿನವರ ನಂಬಿಕೆ. ಯೆಮನ್, ಚಂದ್ರದ್ರೋಣ, ತೂಬಾ, ಮೂರು ಕಡೆಯೂ ಕಾಫಿಯ ಕಥೆ ಒಬ್ಬ ಫಕೀರನಿಂದಲೇ ಶುರುವಾಗುವುದು ಸೋಜಿಗವಲ್ಲವೇ? ನಮ್ಮ ಗಿರಿಯ ಹೆಸರು ಸುದ್ದಿಯಲ್ಲಿ ಕಾಣುವುದು ವಿವಾದಕ್ಕೇ ಹೆಚ್ಚು ಅನ್ನುವಾಗ ಈ ಏಳು ಬೀಜದ ಕಥೆಯನ್ನು ಮಕ್ಕಳಿಗೆ ಹೇಳಿಕೊಡಬೇಕು ಅನ್ನಿಸುತ್ತೆ.

ಕಡೆಗೆ, ಮಾಡೋದು ಹೇಗೆ ಅಂತ ಹೇಳದಿದ್ದರೆ ನೀವು ಬಿಡಲ್ಲ. ಫಿಲ್ಟರ್ ಕಾಫಿಯವರು ಎರಡು ಏಲಕ್ಕಿಯನ್ನು ಸಿಪ್ಪೆ ಸಮೇತ ಕುಟ್ಟಿ, ಮೇಲಿನ ಪಾತ್ರೆಯ ಪುಡಿಯಲ್ಲೇ ಬೆರೆಸಿ ಬಿಸಿನೀರು ಹಾಕಿ. ಮೊದಲೇ ಪುಡಿ ಮಾಡಿಟ್ಟ ಏಲಕ್ಕಿ ಬೇಡ, ಅದರ ಘಮ ಬೇಗ ಹಾರಿಹೋಗುತ್ತೆ. ಮಳೆಗಾಲದ ಕಾಫಿಗೆ ಎರಡು ಲೋಟ ನೀರು, ಬೆರಳ ಗೆಣ್ಣಿನಷ್ಟು ಒಣಶುಂಠಿ ಜಜ್ಜಿದ್ದು, ನಾಲ್ಕು ಮೆಣಸು, ಬೆಲ್ಲ ಹಾಕಿ ಐದು ನಿಮಿಷ ಕುದಿಸಿ. ಒಣಗಿದ ಶುಂಠಿಗೆ ಹಸಿ ಶುಂಠಿಗಿಂತ ಖಾರ ಜಾಸ್ತಿ, ನೋಡಿಕೊಂಡು ಹಾಕಿ. ಉರಿ ಆರಿಸಿ, ಎರಡು ಚಮಚ ಕಾಫಿಪುಡಿ ಉದುರಿಸಿ ಮುಚ್ಚಿಡಿ. ಚರಟ ತಳ ಸೇರಿದ ಮೇಲೆ ಸೋಸಿ. ಹಾಲು ಬೇಕಿದ್ದರೆ ಕೊನೆಗೆ, ಕುದಿ ಇಳಿದ ಮೇಲೆ. ಬೆಲ್ಲದ ಜೊತೆ ಕುದಿಸಿದರೆ ಒಡೆಯುವ ಸಂಭವವಿದೆ.

ಕುಡಿದ ಮೇಲೂ "ಇದು ಕಾಫಿಯಲ್ಲ" ಅನ್ನಿಸಿದರೆ ಬೇಜಾರಿಲ್ಲ, ಕಷಾಯ ಅಂತಲೇ ಕರೆಯಿರಿ. ನಿಮ್ಮ ಊರ ಕಡೆ, ನಿಮ್ಮ ಅಜ್ಜಿ ಮನೆಯಲ್ಲಿ ಕಾಫಿಗೆ ಏನೇನು ಬೀಳುತ್ತಿತ್ತು? ಬರೆದು ತಿಳಿಸಿ, ಒಂದು ಕಡೆ ಸೇರಿಸಿಡೋಣ.